ಬಂಧನಕ್ಕೆ ಮುನ್ನ: ಅಶ್ಲೀಲ ದೃಶ್ಯಗಳ ಹಂಚಿಕೆ ಮತ್ತು ನಿರೀಕ್ಷಣಾ ಜಾಮೀನು



ಚಳ್ಳಕೆರೆ, ಮೊಳಕಾಲ್ಮುರು ತಾಲ್ಲೂಕುಗಳ ಯಾವ ಊರಿನಲ್ಲಾದರೂ ಒಂದು ಸುದ್ದಿ ಹಬ್ಬಬೇಕಾದರೆ ಈಗ ಸಂತೆಯ ದಿನಕ್ಕೆ ಕಾಯಬೇಕಿಲ್ಲ. ಯಾರದ್ದೋ ಮನೆಮಗಳ ಖಾಸಗಿ ದೃಶ್ಯ ರಾತ್ರಿ ಪರಶುರಾಂಪುರದಲ್ಲಿ ಒಂದು ಮೊಬೈಲಿನಿಂದ ಹೊರಟರೆ, ಬೆಳಗಾಗುವುದರೊಳಗೆ ರಾಂಪುರ ದಾಟಿ ಆಂಧ್ರದ ರಾಯದುರ್ಗ ಸೇರಿರುತ್ತದೆ. ದೂರು ದಾಖಲಾದ ಮರುದಿನ ಎರಡು ಮನೆಗಳಲ್ಲಿ ಒಲೆ ಉರಿಯುವುದಿಲ್ಲ. ಒಂದು ಮನೆಯ ಹುಡುಗಿ ಹೊಸ್ತಿಲು ದಾಟಲಾರಳು. ಇನ್ನೊಂದು ಮನೆಯ ತಂದೆ ಪಹಣಿ, ಆಧಾರ್ ಜೆರಾಕ್ಸ್ ಹಿಡಿದು ಚಿತ್ರದುರ್ಗದ ಬಸ್ಸು ಹತ್ತುತ್ತಾನೆ. ಪೊಲೀಸರು ಮಗನನ್ನು ಕರೆದೊಯ್ಯುವ ಮೊದಲೇ ನಿರೀಕ್ಷಣಾ ಜಾಮೀನು ಸಿಗಬೇಕು ಎಂಬುದೊಂದೇ ಅವನ ಚಿಂತೆ.

ಈ ಎರಡು ಮನೆಗಳ ನಡುವೆ ನ್ಯಾಯಾಲಯ ಎಲ್ಲಿ ನಿಲ್ಲಬೇಕು ಎಂಬುದೇ ಇಂದಿನ ಉಪನ್ಯಾಸದ ವಿಷಯ. ಆರೋಪಿಯ ಸ್ವಾತಂತ್ರ್ಯವನ್ನೂ ಸಂತ್ರಸ್ತೆಯ ಮಾನವನ್ನೂ ಒಂದೇ ಆದೇಶದಲ್ಲಿ ಕಾಪಾಡಲು ಕಾನೂನಿನಲ್ಲಿ ದಾರಿಯಿದೆ. ಆ ದಾರಿಯನ್ನು ನಾವು ಸಾಕಷ್ಟು ಬಳಸುತ್ತಿಲ್ಲ ಎಂಬುದು ಇಲ್ಲಿ ಮಂಡಿಸುವ ವಾದ.

ನಿರೀಕ್ಷಣಾ ಜಾಮೀನು ಹಳೆಯ ಹಕ್ಕೇನೂ ಅಲ್ಲ. ಬ್ರಿಟಿಷರ ಕಾಲದ 1898ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಅದರ ಹೆಸರೇ ಇರಲಿಲ್ಲ. ಪ್ರಭಾವಿಗಳು ತಮ್ಮ ಎದುರಾಳಿಗಳನ್ನು ಸುಳ್ಳು ಮೊಕದ್ದಮೆಯಲ್ಲಿ ಸಿಕ್ಕಿಸಿ, ನಾಲ್ಕು ದಿನವಾದರೂ ಜೈಲಿನಲ್ಲಿ ಕೂರಿಸಿ ಅವಮಾನಿಸುತ್ತಾರೆ ಎಂಬುದನ್ನು ಗಮನಿಸಿದ ಕಾನೂನು ಆಯೋಗ, 1969ರ ತನ್ನ 41ನೇ ವರದಿಯಲ್ಲಿ ಇಂಥದೊಂದು ರಕ್ಷಣೆ ಬೇಕೆಂದು ಶಿಫಾರಸು ಮಾಡಿತು. 1973ರ ಸಂಹಿತೆಯಲ್ಲಿ ಅದು 438ನೇ ಸೆಕ್ಷನ್ ಆಗಿ ಬಂತು. ತುರ್ತುಪರಿಸ್ಥಿತಿಯ ಕಾಲದಲ್ಲಿ, 1976ರಲ್ಲಿ, ಉತ್ತರ ಪ್ರದೇಶ ಈ ಸೆಕ್ಷನ್ನನ್ನೇ ತನ್ನ ರಾಜ್ಯದಿಂದ ತೆಗೆದುಹಾಕಿತು. ಅದು ಮರಳಿ ಬರಲು ನಾಲ್ಕು ದಶಕವೇ ಹಿಡಿಯಿತು. ಆಳುವವರಿಗೆ ಈ ರಕ್ಷಣೆ ಎಷ್ಟು ಇರುಸುಮುರುಸಿನದು ಎಂಬುದಕ್ಕೆ ಬೇರೆ ಸಾಕ್ಷಿ ಬೇಡ.

1980ರ ಗುರ್‌ಬಕ್ಷ್ ಸಿಂಗ್ ಸಿಬ್ಬಿಯಾ ಪ್ರಕರಣದಲ್ಲಿ ಮುಖ್ಯ ನ್ಯಾಯಮೂರ್ತಿ ವೈ.ವಿ. ಚಂದ್ರಚೂಡ್ ನೇತೃತ್ವದ ಸಂವಿಧಾನ ಪೀಠ, ಈ ಅಧಿಕಾರವನ್ನು ಶಾಸನ ಹೇಳದ ನಿರ್ಬಂಧಗಳಿಂದ ಕಟ್ಟಿಹಾಕಬಾರದು ಎಂದಿತು. 2020ರ ಜನವರಿಯಲ್ಲಿ ಸುಶೀಲಾ ಅಗರ್‌ವಾಲ್ ಪ್ರಕರಣದ ಸಂವಿಧಾನ ಪೀಠವೂ ಅದೇ ಹಾದಿ ಹಿಡಿದು, ನಿರೀಕ್ಷಣಾ ಜಾಮೀನಿಗೆ ಸಾಮಾನ್ಯವಾಗಿ ಕಾಲಮಿತಿ ಹಾಕಬೇಕಾಗಿಲ್ಲ, ವಿಚಾರಣೆ ಮುಗಿಯುವವರೆಗೂ ಅದು ಮುಂದುವರಿಯಬಹುದು ಎಂದು ಸ್ಪಷ್ಟಪಡಿಸಿತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ನಿರೀಕ್ಷಣಾ ಜಾಮೀನಿನದು ಈಗ 482ನೇ ಸೆಕ್ಷನ್. ಅಪರಾಧದ ಗಂಭೀರತೆ, ಅರ್ಜಿದಾರನ ಪೂರ್ವಾಪರ, ಓಡಿಹೋಗುವ ಸಂಭವ, ಅವಮಾನಿಸಲೆಂದೇ ಮಾಡಿದ ಆರೋಪವೇ ಎಂಬ ಪರಿಶೀಲನಾಂಶಗಳ ಪಟ್ಟಿ ಹಳೆಯ ಸೆಕ್ಷನ್ನಿನ ತಿದ್ದುಪಡಿಯಲ್ಲಿತ್ತು. ಹೊಸದರಲ್ಲಿ ಅದಿಲ್ಲ. ಹಾಗೆಂದು ನ್ಯಾಯಾಲಯಗಳು ಅವನ್ನು ನೋಡದೆ ಬಿಡುತ್ತಿಲ್ಲ. ತೂಗುವ ಹೊಣೆ ಈಗ ಪೂರ್ತಿಯಾಗಿ ನ್ಯಾಯಾಧೀಶರ ವಿವೇಚನೆಯ ಮೇಲೆ ಬಿದ್ದಿದೆ.

ಇಷ್ಟು ಹಿನ್ನೆಲೆಯ ಮೇಲೆ, ಅಶ್ಲೀಲ ಸಾಮಗ್ರಿ ಹಂಚಿದ ಆರೋಪಕ್ಕೆ ಬರೋಣ.

ಮಾಹಿತಿ ತಂತ್ರಜ್ಞಾನ ಕಾಯ್ದೆಯಲ್ಲಿ ಇದಕ್ಕೆ ಮೂರು ಮೆಟ್ಟಿಲುಗಳಿವೆ. 67ನೇ ಸೆಕ್ಷನ್ ಅಶ್ಲೀಲವಾದುದನ್ನು ವಿದ್ಯುನ್ಮಾನ ರೂಪದಲ್ಲಿ ಪ್ರಕಟಿಸುವುದು ಅಥವಾ ರವಾನಿಸುವುದಕ್ಕೆ ಸಂಬಂಧಿಸಿದ್ದು. ಮೊದಲ ಸಲಕ್ಕೆ ಮೂರು ವರ್ಷದವರೆಗೆ ಸೆರೆ, ಐದು ಲಕ್ಷ ರೂಪಾಯಿವರೆಗೆ ದಂಡ. 67ಎ ಲೈಂಗಿಕ ಕ್ರಿಯೆಯ ದೃಶ್ಯಗಳಿಗೆ. ಐದು ವರ್ಷ, ಹತ್ತು ಲಕ್ಷ. 67ಬಿ ಮಕ್ಕಳ ದೃಶ್ಯಗಳಿಗೆ. ಶಿಕ್ಷೆ ಅಷ್ಟೇ, ಆದರೆ ವ್ಯಾಪ್ತಿ ಬಹಳ ದೊಡ್ಡದು, ಹುಡುಕುವುದೂ ಇಳಿಸಿಕೊಳ್ಳುವುದೂ ಅದರೊಳಗೆ ಬರುತ್ತವೆ. ಒಪ್ಪಿಗೆಯಿಲ್ಲದೆ ಖಾಸಗಿ ಅಂಗಗಳ ಚಿತ್ರ ತೆಗೆದು ರವಾನಿಸುವುದಕ್ಕೆ 66ಇ ಬೇರೆಯೇ ಇದೆ. ಇದೇ ಕಾಯ್ದೆಯ 77ಬಿ ಸೆಕ್ಷನ್ ಹೇಳುವ ಪ್ರಕಾರ, ಮೂರು ವರ್ಷ ಶಿಕ್ಷೆಯ ಅಪರಾಧಗಳು ಜಾಮೀನೀಯ.

ಈ ಒಂದು ಸಾಲನ್ನು ಓದದೆ ಸಲ್ಲಿಸುವ ಅರ್ಜಿಗಳು ಕಡಿಮೆಯಲ್ಲ. ಜಾಮೀನುರಹಿತ ಅಪರಾಧದಲ್ಲಿ ಬಂಧನದ ಭಯವಿದ್ದರೆ ಮಾತ್ರ ನಿರೀಕ್ಷಣಾ ಜಾಮೀನು. ಎಫ್‌ಐಆರ್‌ನಲ್ಲಿ 67 ಮಾತ್ರ ಇದ್ದು ಅದು ಮೊದಲ ಸಲದ ಆರೋಪವಾದರೆ, ಠಾಣೆಯಲ್ಲೇ ಜಾಮೀನು ಪಡೆಯುವುದು ಆರೋಪಿಯ ಹಕ್ಕು. ಸೆಷನ್ಸ್ ನ್ಯಾಯಾಲಯದ ಮೆಟ್ಟಿಲು ಹತ್ತುವ ಅಗತ್ಯವೇ ಇಲ್ಲ. ಅದೇ ಎಫ್‌ಐಆರ್‌ಗೆ ‘ಎ’ ಎಂಬ ಒಂದಕ್ಷರ ಸೇರಿದರೆ ಲೆಕ್ಕವೇ ಬದಲಾಗುತ್ತದೆ. ಹಾಗಾಗಿ ವಕೀಲರೂ ಅಭಿಯೋಜಕರೂ ಮೊದಲು ಕೇಳಬೇಕಾದ ಪ್ರಶ್ನೆ, ಆ ದೃಶ್ಯದಲ್ಲಿ ಇರುವುದೇನು ಎಂಬುದು. ಬರಿಯ ಬೈಗುಳ ಅಶ್ಲೀಲವಾಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2024ರ ಮಾರ್ಚ್‌ನಲ್ಲಿ ಒಂದು ವೆಬ್ ಸರಣಿಯ ಪ್ರಕರಣದಲ್ಲಿ ಹೇಳಿದೆ. ಅಶ್ಲೀಲತೆಯನ್ನು ಅಳೆಯಲು ಇಂಗ್ಲೆಂಡಿನ 1868ರ ಹಿಕ್ಲಿನ್ ಅಳತೆಗೋಲನ್ನು 2014ರ ಅವೀಕ್ ಸರ್ಕಾರ್ ತೀರ್ಪು ಕೈಬಿಟ್ಟು, ಸಮಕಾಲೀನ ಸಮಾಜದ ಮಾನದಂಡವನ್ನು ಎತ್ತಿಹಿಡಿದಿದೆ. ಆದರೆ ಆ ಚರ್ಚೆಯೆಲ್ಲ ಹುಟ್ಟಿದ್ದು ಪುಸ್ತಕ, ಸಿನಿಮಾ, ಪತ್ರಿಕೆಗಳ ಸುತ್ತ. ನಮ್ಮ ಊರುಗಳ ಹುಡುಗಿಯ ದೃಶ್ಯ ಹರಿದಾಡಿದಾಗ ಪ್ರಶ್ನೆ ಅಭಿರುಚಿಯದಲ್ಲ, ಒಪ್ಪಿಗೆಯದು.

ಕರ್ನಾಟಕ ಇದನ್ನು ಅತ್ಯಂತ ಕಟುವಾಗಿ ಕಲಿತದ್ದು 2024ರ ಏಪ್ರಿಲ್‌ನಲ್ಲಿ, ಹಾಸನದಲ್ಲಿ. ಏಪ್ರಿಲ್ 26ರ ಮತದಾನಕ್ಕೆ ಕೆಲವೇ ದಿನ ಇರುವಾಗ ಪೆನ್‌ಡ್ರೈವ್‌ಗಳು ಊರೆಲ್ಲ ಹರಿದಾಡಿದವು. ಅವುಗಳಲ್ಲಿದ್ದದ್ದು ಆಗಿನ ಸಂಸದ ಪ್ರಜ್ವಲ್ ರೇವಣ್ಣ ಅವರಿಗೆ ಸಂಬಂಧಿಸಿದ್ದೆನ್ನಲಾದ ದೃಶ್ಯಗಳು. ಆ ಹೆಣ್ಣುಮಕ್ಕಳ ಮುಖಗಳನ್ನು ಮಸುಕುಗೊಳಿಸುವಷ್ಟು ಕನಿಕರವನ್ನೂ ಹಂಚಿದವರು ತೋರಲಿಲ್ಲ. ಮಹಿಳಾ ಆಯೋಗದ ಅಧ್ಯಕ್ಷರು ಮುಖ್ಯಮಂತ್ರಿಗೆ ಪತ್ರ ಬರೆದರು. ರಾಜ್ಯ ಸರ್ಕಾರ ಬಿ.ಕೆ. ಸಿಂಗ್ ನೇತೃತ್ವದಲ್ಲಿ ವಿಶೇಷ ತನಿಖಾ ತಂಡ ರಚಿಸಿತು. ದೃಶ್ಯಗಳನ್ನು ಹಂಚುವುದೂ ಅಪರಾಧ, ಹಂಚಿದವರನ್ನು ಪತ್ತೆಹಚ್ಚುವುದು ಕಷ್ಟವಲ್ಲ ಎಂದು ಆ ತಂಡ ಸಾರ್ವಜನಿಕವಾಗಿ ಎಚ್ಚರಿಸಬೇಕಾಯಿತು.

ಒಂದೇ ಘಟನೆಯಿಂದ ಎರಡು ಬಗೆಯ ಪ್ರಕರಣಗಳು ಹುಟ್ಟಿದವು ಎಂಬುದನ್ನು ಸಭಿಕರು ಗಮನಿಸಬೇಕು. ದೃಶ್ಯ ಚಿತ್ರಿಸಿದ, ದೌರ್ಜನ್ಯ ಎಸಗಿದ ಆರೋಪದವು ಒಂದು ಕಡೆ. ದೃಶ್ಯ ಹಂಚಿದ ಆರೋಪದ್ದು ಇನ್ನೊಂದು ಕಡೆ. ಅದು ಹಾಸನದ ಸಿಇಎನ್ (ಸೈಬರ್, ಆರ್ಥಿಕ, ಮಾದಕವಸ್ತು ಅಪರಾಧಗಳ) ಠಾಣೆಯಲ್ಲಿ ದಾಖಲಾಯಿತು. ಎರಡೂ ಕಡೆಯವರು ನಿರೀಕ್ಷಣಾ ಜಾಮೀನಿನ ಬಾಗಿಲು ತಟ್ಟಿದರು. ಹಂಚಿಕೆಯ ಆರೋಪ ಹೊತ್ತವರ ಅರ್ಜಿಗಳನ್ನು ಹಾಸನದ ನ್ಯಾಯಾಲಯ ತಿರಸ್ಕರಿಸಿತು, ಅವರಲ್ಲಿ ಕೆಲವರ ಬಂಧನವೂ ಆಯಿತು. ವಿದೇಶದಲ್ಲಿದ್ದ ಪ್ರಜ್ವಲ್ ರೇವಣ್ಣ ಪರವಾಗಿ ಬೆಂಗಳೂರಿನಲ್ಲಿ ಅರ್ಜಿ ಸಲ್ಲಿಕೆಯಾಗಿತ್ತು. ಮೇ 31ರ ನಡುರಾತ್ರಿ ಕಳೆದು ಅವರು ವಿಮಾನ ಇಳಿಯುತ್ತಿದ್ದಂತೆ ಬಂಧನವಾಗಿ, ಆ ಅರ್ಜಿಗೆ ಅರ್ಥ ಉಳಿಯಲಿಲ್ಲ. ಬಂಧನವಾದ ಮೇಲೆ ಬೇಕಾದದ್ದು ಸಾಮಾನ್ಯ ಜಾಮೀನು, ನಿರೀಕ್ಷಣಾ ಜಾಮೀನಲ್ಲ. 2025ರ ಆಗಸ್ಟ್ 2ರಂದು ವಿಶೇಷ ನ್ಯಾಯಾಲಯ ಮನೆಗೆಲಸದ ಮಹಿಳೆಯೊಬ್ಬರ ಪ್ರಕರಣದಲ್ಲಿ ಅವರಿಗೆ ಜೀವಾವಧಿ ಶಿಕ್ಷೆ ವಿಧಿಸಿತು. ಸಾಬೀತಾದ ಆರೋಪಗಳಲ್ಲಿ ಅತ್ಯಾಚಾರದ ಜೊತೆಗೆ ಮಾಹಿತಿ ತಂತ್ರಜ್ಞಾನ ಕಾಯ್ದೆಯ 66ಇ ಕೂಡ ಇತ್ತು.

“ನಾವು ಹಂಚಿದ್ದರಿಂದಲೇ ಅಪರಾಧ ಬಯಲಾಯಿತು” ಎಂಬ ಮಾತು ಆ ದಿನಗಳಲ್ಲಿ ಊರೂರಲ್ಲಿ ಕೇಳಿಬಂತು. ಈ ವಾದ ನಿಲ್ಲುವುದಿಲ್ಲ. ಪೆನ್‌ಡ್ರೈವನ್ನು ಪೊಲೀಸರಿಗೋ ಮಹಿಳಾ ಆಯೋಗಕ್ಕೋ ಮುಚ್ಚಿದ ಲಕೋಟೆಯಲ್ಲಿ ಕೊಡುವುದು ಬೇರೆ, ಬೀದಿಗೆ ಬಿಡುವುದು ಬೇರೆ. ಮೊದಲನೆಯದು ಸಾಕ್ಷ್ಯ ಒದಗಿಸುವ ಕೆಲಸ. ಎರಡನೆಯದು ಈಗಾಗಲೇ ನೊಂದ ಹೆಣ್ಣನ್ನು ಮತ್ತೊಮ್ಮೆ ಸಂತೆಯಲ್ಲಿ ನಿಲ್ಲಿಸುವ ಕ್ರೌರ್ಯ. ನಿರೀಕ್ಷಣಾ ಜಾಮೀನಿನ ಹಂತದಲ್ಲೇ ಈ ವ್ಯತ್ಯಾಸವನ್ನು ನ್ಯಾಯಾಲಯ ಗುರುತಿಸಬೇಕು.

ಹಾಗಾದರೆ ಹಂಚಿದ ಎಲ್ಲರನ್ನೂ ಜೈಲಿಗೆ ಕಳಿಸಬೇಕೆ? ಇಲ್ಲ. ಚಿತ್ರಿಸಿದವನು, ಮೊದಲು ಹೊರಬಿಟ್ಟವನು, ಅದನ್ನಿಟ್ಟುಕೊಂಡು ಬೆದರಿಸಿದವನು, ಬಂದದ್ದನ್ನು ಮುಂದಕ್ಕೆ ಒತ್ತಿದವನು, ಗುಂಪಿನಲ್ಲಿ ಸುಮ್ಮನೆ ಇದ್ದವನು, ಇವರೆಲ್ಲ ಒಂದೇ ಎಫ್‌ಐಆರ್‌ನಲ್ಲಿ ಸಾಲಾಗಿ ನಿಂತಿರಬಹುದು; ಆದರೆ ಒಂದೇ ತಕ್ಕಡಿಯಲ್ಲಿ ತೂಗುವಂತಿಲ್ಲ. ಸದಸ್ಯನೊಬ್ಬ ಹಾಕಿದ ಸಂದೇಶಕ್ಕೆ ವಾಟ್ಸ್‌ಆ್ಯಪ್ ಗುಂಪಿನ ಅಡ್ಮಿನ್ ತಾನಾಗಿಯೇ ಹೊಣೆಯಾಗುವುದಿಲ್ಲ ಎಂದು ಬಾಂಬೆ ಹೈಕೋರ್ಟಿನ ನಾಗಪುರ ಪೀಠ 2021ರಲ್ಲೂ ಕೇರಳ ಹೈಕೋರ್ಟ್ 2022ರಲ್ಲೂ ಹೇಳಿವೆ. ಇನ್ನೊಂದು ಸಂಗತಿ ನಮ್ಮ ಕಡೆಯ ಮನೆಗಳದ್ದು. ಸಿಮ್ ತಂದೆಯ ಹೆಸರಿನಲ್ಲಿ, ಫೋನು ಅಣ್ಣನದ್ದು, ಕೈಯಲ್ಲಿ ಹಿಡಿದವನು ತಮ್ಮ. ಮಗ್ಗದ ಮನೆಯಲ್ಲಾಗಲಿ ಎಣ್ಣೆ ಗಿರಣಿಯ ಕೂಲಿಕಾರರ ಕೋಣೆಯಲ್ಲಾಗಲಿ ಒಂದು ಫೋನು ಹಲವರ ಬಳಕೆಯಲ್ಲಿರುತ್ತದೆ. ಐಪಿ ವಿಳಾಸದ ಜಾಡು ಹಿಡಿದು ಬಂದ ಪೊಲೀಸರಿಗೆ ಮೊದಲು ಸಿಗುವುದು ಸಂಪರ್ಕ ಯಾರ ಹೆಸರಿನಲ್ಲಿದೆಯೋ ಆ ವ್ಯಕ್ತಿ. ಕಾನೂನು ಆಯೋಗ 1969ರಲ್ಲಿ ಯೋಚಿಸಿದ ನಿರಪರಾಧಿ ಇಂಥವನೇ.

ಬಂಧನವೇ ಮೊದಲ ಹೆಜ್ಜೆಯಾಗಬಾರದೆಂದು ಕಾನೂನು ಕೂಡ ಹೇಳುತ್ತದೆ. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಯಾಂತ್ರಿಕವಾಗಿ ಬಂಧಿಸಬಾರದು, ಕಾರಣ ಬರೆದಿಡಬೇಕು ಎಂಬುದು 2014ರ ಅರ್ನೇಶ್ ಕುಮಾರ್ ತೀರ್ಪು. ಹೊಸ ಸಂಹಿತೆಯ 35ನೇ ಸೆಕ್ಷನ್ನಿನಡಿ ನೋಟಿಸ್ ಕೊಟ್ಟು ಕರೆಸುವುದೇ ಸಹಜ ಕ್ರಮ. ಐದು ವರ್ಷ ಶಿಕ್ಷೆಯ 67ಎ ಇದರೊಳಗೆ ಬರುತ್ತದೆ.

ಅಭಿಯೋಜಕರ ತಕರಾರು ಹೆಚ್ಚಾಗಿ ಒಂದೇ ಸಾಲಿನಲ್ಲಿರುತ್ತದೆ: ಮೊಬೈಲ್ ವಶಪಡಿಸಿಕೊಳ್ಳಬೇಕು, ಆದ್ದರಿಂದ ಆರೋಪಿ ಕಸ್ಟಡಿಗೆ ಬೇಕು. ಇದಕ್ಕೆ ಸಿಬ್ಬಿಯಾ ತೀರ್ಪಿನಲ್ಲೇ ಉತ್ತರವಿದೆ. ಆರೋಪಿಯ ಹೇಳಿಕೆಯಿಂದ ವಸ್ತು ಪತ್ತೆಯಾಗಬೇಕಾದಾಗ, ಜಾಮೀನಿನ ಮೇಲಿದ್ದರೂ ಆ ಮಟ್ಟಿಗೆ ಅವನು ಪೊಲೀಸರ ವಶದಲ್ಲಿದ್ದಂತೆಯೇ ಭಾವಿಸಬಹುದೆಂದು ಸಂವಿಧಾನ ಪೀಠ ಹೇಳಿದೆ. ತನಿಖೆಗೆ ಬೇಕಾದದ್ದು ಫೋನು. ಅದಕ್ಕಾಗಿ ಮನುಷ್ಯನನ್ನು ಲಾಕಪ್ಪಿಗೆ ಹಾಕಬೇಕಾಗಿಲ್ಲ. ಕರ್ನಾಟಕ ಹೈಕೋರ್ಟ್ 2021ರ ಮಾರ್ಚ್‌ನಲ್ಲಿ ವೀರೇಂದ್ರ ಖನ್ನಾ ಪ್ರಕರಣದಲ್ಲಿ ಸ್ಮಾರ್ಟ್‌ಫೋನ್ ಶೋಧಕ್ಕೆ ವಿವರವಾದ ಮಾರ್ಗಸೂಚಿ ಕೊಟ್ಟಿತು. ಪಾಸ್‌ವರ್ಡ್ ಕೊಡುವಂತೆ ನ್ಯಾಯಾಲಯ ನಿರ್ದೇಶಿಸುವುದು ತನ್ನ ವಿರುದ್ಧ ತಾನೇ ಸಾಕ್ಷಿ ನುಡಿಯುವ ಒತ್ತಾಯವಾಗದು ಎಂದೂ ಹೇಳಿತು.

ಫೋನನ್ನು ವಶಪಡಿಸಿಕೊಳ್ಳುವ ಬಗೆಯನ್ನು ಸ್ವಲ್ಪ ಹತ್ತಿರದಿಂದ ನೋಡೋಣ. ಪಂಚರ ಮುಂದೆ ಫೋನಿನ ಕಂಪನಿ, ಬಣ್ಣ, ಐಎಂಇಐ ಸಂಖ್ಯೆ ಬರೆದುಕೊಳ್ಳಬೇಕು. ಹೊರಗಿನಿಂದ ಯಾರೂ ಅಳಿಸಲಾಗದಂತೆ ನೆಟ್‌ವರ್ಕ್ ಸಂಪರ್ಕ ತಪ್ಪಿಸಬೇಕು. ಲಕೋಟೆಗೆ ಹಾಕಿ ಅರಗಿನ ಮೊಹರು ಒತ್ತಿ, ಪಂಚರ ಸಹಿ ಪಡೆದು ವಿಧಿವಿಜ್ಞಾನ ಪ್ರಯೋಗಾಲಯಕ್ಕೆ ಕಳಿಸಬೇಕು. ಅಲ್ಲಿ ಒಳಗಿನ ಮಾಹಿತಿಯ ತದ್ರೂಪು ಪ್ರತಿ ತೆಗೆದು, ಅದರ ಹ್ಯಾಷ್ ಮೌಲ್ಯವನ್ನು ದಾಖಲಿಸುತ್ತಾರೆ. ಮುಂದೆ ಒಂದು ಚುಕ್ಕೆ ಬದಲಾದರೂ ಆ ಸಂಖ್ಯೆ ಹೊಂದುವುದಿಲ್ಲ. ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್ನಿನ ಪ್ರಮಾಣಪತ್ರದಲ್ಲಿ ಈ ಹ್ಯಾಷ್ ಮೌಲ್ಯವನ್ನು ನಮೂದಿಸಲೇಬೇಕು. ಆರೋಪಿಯನ್ನು ಹತ್ತು ದಿನ ಕಸ್ಟಡಿಯಲ್ಲಿಟ್ಟು ಮೊಹರಿಲ್ಲದ ಫೋನನ್ನು ಠಾಣೆಯ ಮೇಜಿನ ಖಾನೆಯಲ್ಲಿ ಬಿಟ್ಟರೆ ಕೇಸು ನಿಲ್ಲುವುದಿಲ್ಲ. ತನಿಖೆಯ ಬಲ ಮಹಜರಿನ ಶಿಸ್ತಿನಲ್ಲಿದೆ.

ಇಷ್ಟೆಲ್ಲ ಹೇಳಿದ ಮೇಲೂ, ಜಾಮೀನು ನಿರಾಕರಿಸಲೇಬೇಕಾದ ಪ್ರಕರಣಗಳಿವೆ. ದೃಶ್ಯವಿಟ್ಟುಕೊಂಡು ಹಣ ಕಿತ್ತವನು, ಮತ್ತೆ ಮತ್ತೆ ಹೊಸ ಖಾತೆ ತೆರೆದು ಹರಿಬಿಟ್ಟವನು, ದೂರು ಕೊಟ್ಟ ಮೇಲೂ ಹೆದರಿಸಿದವನು ಹೊರಗಿದ್ದರೆ ಅಪರಾಧ ಮುಂದುವರಿಯುತ್ತಲೇ ಇರುತ್ತದೆ. ಒರಿಸ್ಸಾ ಹೈಕೋರ್ಟ್ 2020ರ ನವೆಂಬರ್‌ನಲ್ಲಿ ಇಂಥ ಆರೋಪಿಗೆ ಜಾಮೀನು ನಿರಾಕರಿಸುತ್ತ, ಫೇಸ್‌ಬುಕ್‌ನಲ್ಲಿ ಉಳಿದುಹೋಗುವ ಚಿತ್ರಗಳಿಂದ ಹೆಣ್ಣುಮಗಳಿಗೆ ಬಿಡುಗಡೆಯೇ ಇಲ್ಲದ ಸ್ಥಿತಿಯನ್ನು ಚರ್ಚಿಸಿ, ಮರೆಯಲ್ಪಡುವ ಹಕ್ಕಿನ ಪ್ರಶ್ನೆ ಎತ್ತಿತು. ಮಕ್ಕಳ ದೃಶ್ಯಗಳಾದರೆ ಮೃದುತ್ವಕ್ಕೆ ಜಾಗವೇ ಕಡಿಮೆ. 2024ರ ಸೆಪ್ಟೆಂಬರ್ 23ರಂದು ಸುಪ್ರೀಂ ಕೋರ್ಟ್, ಅಂಥ ಸಾಮಗ್ರಿಯನ್ನು ಇಟ್ಟುಕೊಳ್ಳುವುದು ಕೂಡ ಪೋಕ್ಸೊ ಕಾಯ್ದೆಯ 15ನೇ ಸೆಕ್ಷನ್ನಿನ ಅಪರಾಧವಾಗಬಲ್ಲದೆಂದು ವಿವರಿಸಿ, ಮದ್ರಾಸ್ ಹೈಕೋರ್ಟಿನ ವ್ಯತಿರಿಕ್ತ ಆದೇಶವನ್ನು ರದ್ದುಮಾಡಿತು. ಅದಕ್ಕೂ ಎರಡು ತಿಂಗಳ ಮೊದಲು ನಮ್ಮ ಹೈಕೋರ್ಟೇ, ಕೇವಲ ನೋಡಿದ್ದು 67ಬಿ ಅಡಿ ಬರುವುದಿಲ್ಲವೆಂದು ಒಂದು ಪ್ರಕರಣವನ್ನು ರದ್ದುಪಡಿಸಿ, ಸೆಕ್ಷನ್ನಿನ ಒಂದು ಉಪವಿಧಿ ಗಮನಕ್ಕೆ ಬಂದಿರಲಿಲ್ಲವೆಂದು ಕೆಲವೇ ದಿನಗಳಲ್ಲಿ ತನ್ನ ಆದೇಶವನ್ನು ತಾನೇ ಹಿಂಪಡೆಯಿತು. ನ್ಯಾಯಪೀಠದ ಈ ಪ್ರಾಮಾಣಿಕತೆ ದೊಡ್ಡದು. ಅಮೆರಿಕದ ಮಕ್ಕಳ ರಕ್ಷಣಾ ಸಂಸ್ಥೆಯೊಂದಿಗೆ ರಾಷ್ಟ್ರೀಯ ಅಪರಾಧ ದಾಖಲೆಗಳ ಬ್ಯೂರೊ 2019ರಲ್ಲಿ ಮಾಡಿಕೊಂಡ ಒಪ್ಪಂದದ ಬಳಿಕ, ಇಂಥ ಹಂಚಿಕೆಯ ಸುಳಿವುಗಳು ಜಿಲ್ಲೆಗಳ ಸಿಇಎನ್ ಠಾಣೆಗಳಿಗೇ ಬಂದು ತಲುಪುತ್ತಿವೆ. ಯಾರೂ ದೂರು ಕೊಡದಿದ್ದರೂ ಎಫ್‌ಐಆರ್ ಆಗಬಹುದು.

ಚಿತ್ರದುರ್ಗ ಜಿಲ್ಲೆಗೆ ಈ ವಿಷಯದಲ್ಲಿ ತನ್ನದೇ ಒಂದು ನೋವಿದೆ. 2024ರ ಜೂನ್‌ನಲ್ಲಿ ಚಿತ್ರದುರ್ಗದ ಯುವಕನೊಬ್ಬ ನಟಿಯೊಬ್ಬರಿಗೆ ಇನ್‌ಸ್ಟಾಗ್ರಾಂನಲ್ಲಿ ಅಶ್ಲೀಲ ಸಂದೇಶ ಕಳುಹಿಸಿದ್ದನೆಂಬ ಕಾರಣಕ್ಕೆ ಅವನನ್ನು ಬೆಂಗಳೂರಿಗೆ ಕರೆದೊಯ್ದು ಕೊಲ್ಲಲಾಯಿತು ಎಂಬುದು ಪೊಲೀಸರ ಆರೋಪ. ನಟ ದರ್ಶನ್ ಸೇರಿ ಹಲವರು ಆರೋಪಿಗಳು. ದರ್ಶನ್ ಮತ್ತು ಇತರ ಕೆಲವರಿಗೆ ಹೈಕೋರ್ಟ್ ಕೊಟ್ಟಿದ್ದ ಜಾಮೀನನ್ನು ಸುಪ್ರೀಂ ಕೋರ್ಟ್ 2025ರ ಆಗಸ್ಟ್ 14ರಂದು ರದ್ದುಮಾಡಿತು. ತಪ್ಪು ಯಾರದೆಂದು ವಿಚಾರಣಾ ನ್ಯಾಯಾಲಯ ಹೇಳಬೇಕು. ಇಲ್ಲಿ ಹೇಳಬೇಕಾದದ್ದು ಇಷ್ಟೇ: ಆ ಸಂದೇಶಗಳ ವಿರುದ್ಧ ಠಾಣೆಯಲ್ಲೊಂದು ದೂರು ಬಿದ್ದಿದ್ದರೆ, ಅವು ಬರಿಯ ಅಶ್ಲೀಲ ಸಂದೇಶಗಳೇ ಆಗಿದ್ದರೆ, ಅದು 67ನೇ ಸೆಕ್ಷನ್ನಿನ ಜಾಮೀನೀಯ ಅಪರಾಧ. ಹೆಚ್ಚೆಂದರೆ ಮೂರು ವರ್ಷ ಸೆರೆಯ ಆರೋಪಕ್ಕೆ ಒಂದು ಜೀವ ಹೋಯಿತು.

ಇನ್ನೊಂದು ಅಡ್ಡದಾರಿ ಹಳ್ಳಿಯ ರಾಜಿ ಪಂಚಾಯಿತಿ. ಹುಡುಗನ ಕಡೆಯವರಿಂದ ಒಂದಿಷ್ಟು ದುಡ್ಡು ಕೊಡಿಸಿ, ಹುಡುಗಿಯ ಕಡೆಯವರ ಬಾಯಿ ಮುಚ್ಚಿಸಿ, ಅದನ್ನೇ ಜಾಮೀನು ಅರ್ಜಿಗೆ ಲಗತ್ತಿಸುವ ಪ್ರಯತ್ನಗಳು ನಡೆಯುತ್ತವೆ. ಮಾಹಿತಿ ತಂತ್ರಜ್ಞಾನ ಕಾಯ್ದೆಯ 77ಎ ಸೆಕ್ಷನ್, ಮಹಿಳೆ ಅಥವಾ ಮಗುವಿನ ವಿರುದ್ಧದ ಅಪರಾಧಗಳಲ್ಲಿ ನ್ಯಾಯಾಲಯ ರಾಜಿಗೆ ಅವಕಾಶ ಕೊಡುವಂತಿಲ್ಲ ಎನ್ನುತ್ತದೆ. ಆರೋಪಿ ಸಂತ್ರಸ್ತೆಯ ಮನೆಗೆ ಹೋಗಿ ರಾಖಿ ಕಟ್ಟಿಸಿಕೊಳ್ಳಬೇಕೆಂಬಂಥ ಷರತ್ತುಗಳನ್ನು 2021ರ ಅಪರ್ಣಾ ಭಟ್ ತೀರ್ಪು ಖಂಡತುಂಡವಾಗಿ ನಿಷೇಧಿಸಿದೆ.

ಗಡಿಯ ತಾಲ್ಲೂಕಾದ ಮೊಳಕಾಲ್ಮುರಿನವರಿಗೆ ಇನ್ನೊಂದು ತೊಡಕು. ದೃಶ್ಯ ಗಡಿ ದಾಟಿದರೆ ಎಫ್‌ಐಆರ್ ರಾಯದುರ್ಗದಲ್ಲೂ ಆಗಬಹುದು. ಆಗ ಅರ್ಜಿ ಎಲ್ಲಿ? ಕರ್ನಾಟಕದಿಂದಲೇ ಹೋದ ಪ್ರಕರಣವೊಂದರಲ್ಲಿ 2023ರ ನವೆಂಬರ್ 20ರಂದು ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರಿದ್ದ ಸುಪ್ರೀಂ ಕೋರ್ಟ್ ಪೀಠ ದಾರಿ ತೋರಿಸಿದೆ. ಬೇರೆ ರಾಜ್ಯದ ಎಫ್‌ಐಆರ್‌ಗೆ ಇಲ್ಲಿನ ಸೆಷನ್ಸ್ ನ್ಯಾಯಾಲಯ ಪೂರ್ಣ ರಕ್ಷಣೆ ಕೊಡಲಾಗದು, ಆದರೆ ಅಲ್ಲಿನ ನ್ಯಾಯಾಲಯ ತಲುಪುವವರೆಗೆ ಮಿತ ಅವಧಿಯ ರಕ್ಷಣೆ ಕೊಡಬಹುದು. ಅಭಿಯೋಜಕರಿಗೆ ನೋಟಿಸ್ ಕೊಟ್ಟು, ಅರ್ಜಿದಾರ ನೇರವಾಗಿ ಅಲ್ಲಿಗೆ ಹೋಗಲಾಗದ ಕಾರಣವನ್ನು ಮನಗಂಡು ಮಾತ್ರ.

ಈಗ ಆದೇಶದ ಕೊನೆಯ ಪುಟಕ್ಕೆ ಬರೋಣ. ನಿರೀಕ್ಷಣಾ ಜಾಮೀನಿನ ಷರತ್ತುಗಳು ಬಹುಪಾಲು ಅಚ್ಚಿನಲ್ಲಿ ಎರಕ ಹೊಯ್ದಂತಿರುತ್ತವೆ: ಇಂತಿಷ್ಟು ಮೊತ್ತದ ಮುಚ್ಚಳಿಕೆ, ಜಾಮೀನುದಾರರು, ನಿಗದಿತ ದಿನದೊಳಗೆ ತನಿಖಾಧಿಕಾರಿಯ ಮುಂದೆ ಹಾಜರಿ, ಸಾಕ್ಷಿಗಳಿಗೆ ಬೆದರಿಕೆ ಹಾಕತಕ್ಕದ್ದಲ್ಲ. ಅಡಿಕೆ ಕದ್ದವನಿಗೂ ದೃಶ್ಯ ಹಂಚಿದವನಿಗೂ ಒಂದೇ ಪಟ್ಟಿ. ಜಾಮೀನುದಾರರ ಪಹಣಿಯಲ್ಲಿ ಎಷ್ಟು ಎಕರೆ ಇದ್ದರೂ ಅಂತರ್ಜಾಲದಲ್ಲಿ ಹರಿಯುತ್ತಿರುವ ಚಿತ್ರ ಅದರಿಂದ ನಿಲ್ಲುವುದಿಲ್ಲ. 482ನೇ ಸೆಕ್ಷನ್ನಿನ ಎರಡನೆಯ ಉಪವಿಧಿ, ಪ್ರಕರಣದ ಸಂಗತಿಗಳಿಗೆ ತಕ್ಕ ಷರತ್ತು ಹಾಕುವ ಅಧಿಕಾರವನ್ನು ನ್ಯಾಯಾಲಯಕ್ಕೆ ಕೊಟ್ಟಿದೆ. ಫೋನು, ಮೆಮೊರಿ ಕಾರ್ಡ್ ಮತ್ತು ಎಲ್ಲ ಖಾತೆಗಳ ವಿವರವನ್ನು ಇಂತಿಷ್ಟು ದಿನದೊಳಗೆ ಒಪ್ಪಿಸುವುದು. ಆ ದೃಶ್ಯವನ್ನು ಯಾರಿಂದ ಪಡೆದೆ, ಯಾರಿಗೆ ಕಳಿಸಿದೆ ಎಂಬ ಸರಪಣಿಯನ್ನು ಪತ್ತೆಹಚ್ಚಲು ತನಿಖಾಧಿಕಾರಿಗೆ ಸಹಕರಿಸುವುದು. ಸಾಕ್ಷ್ಯದ ಪ್ರತಿ ಭದ್ರವಾದ ಬಳಿಕ ಜಾಲತಾಣಗಳಲ್ಲಿ ಉಳಿದದ್ದನ್ನು ತೆಗೆಸಲು ನೆರವಾಗುವುದು. ಸಂತ್ರಸ್ತೆಯನ್ನಾಗಲಿ ಮನೆಯವರನ್ನಾಗಲಿ ಯಾವ ಖಾತೆಯಿಂದಲೂ ಸಂಪರ್ಕಿಸದಿರುವುದು. ಇವನ್ನು ಬರೆದರೆ ಆದೇಶದ ಸ್ವರೂಪವೇ ಬದಲಾಗುತ್ತದೆ. ಷರತ್ತು ಮುರಿದರೆ ಜಾಮೀನು ರದ್ದು. 2021ರ ಮಾಹಿತಿ ತಂತ್ರಜ್ಞಾನ ನಿಯಮಗಳು ಹೊರಬಂದಾಗಲೇ, ನಗ್ನತೆಯ ದೃಶ್ಯವನ್ನು ನೊಂದವರ ದೂರಿನ ಮೇಲೆ 24 ಗಂಟೆಯೊಳಗೆ ತೆಗೆಯುವ ಹೊಣೆಯನ್ನು ಜಾಲತಾಣಗಳ ಮೇಲೆ ಹೊರಿಸಿದ್ದವು. ಆ ದೂರು ಬರೆಯಲು ಹುಡುಗಿಗೆ ಯಾರಾದರೂ ಜೊತೆಯಲ್ಲಿ ಕೂರಬೇಕು, ಅಷ್ಟೇ.

ಅವಳ ಮಾತನ್ನು ಕೇಳುವುದೂ ಕೃಪೆಯಲ್ಲ. ಲಖಿಂಪುರ ಖೇರಿ ಪ್ರಕರಣದಲ್ಲಿ 2022ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್, ಜಾಮೀನಿನ ಹಂತವೂ ಸೇರಿದಂತೆ ಎಲ್ಲ ಹಂತಗಳಲ್ಲೂ ನೊಂದವರಿಗೆ ತಮ್ಮ ಮಾತು ಹೇಳುವ ಹಕ್ಕಿದೆ ಎಂದಿದೆ. ಆದರೆ ಮೊಳಕಾಲ್ಮುರಿನಿಂದ ಚಿತ್ರದುರ್ಗದ ಸೆಷನ್ಸ್ ನ್ಯಾಯಾಲಯಕ್ಕೆ ಸುಮಾರು 80 ಕಿಲೋಮೀಟರ್. ನಿರೀಕ್ಷಣಾ ಜಾಮೀನು ಕೊಡುವ ಅಧಿಕಾರ ತಾಲ್ಲೂಕಿನ ಮ್ಯಾಜಿಸ್ಟ್ರೇಟರಿಗಿಲ್ಲ. ಆರೋಪಿಯ ತಂದೆ ಆ ದೂರವನ್ನು ಹೇಗೋ ಕ್ರಮಿಸುತ್ತಾನೆ. ಮುಖ ಮುಚ್ಚಿಕೊಂಡು ಬಸ್ಸಿನಲ್ಲಿ ಕೂರಬೇಕಾದ ಹುಡುಗಿ ಬರುವುದಿಲ್ಲ. ಅವಳಿಗೆ ಅರ್ಜಿಯ ದಿನಾಂಕವೇ ತಿಳಿದಿರುವುದಿಲ್ಲ. ಕಾನೂನು ಸೇವೆಗಳ ಪ್ರಾಧಿಕಾರದ 1987ರ ಕಾಯ್ದೆಯ 12ನೇ ಸೆಕ್ಷನ್ ಪ್ರಕಾರ, ಆದಾಯ ಎಷ್ಟೇ ಇರಲಿ, ಪ್ರತಿ ಮಹಿಳೆಗೂ ಪ್ರತಿ ಮಗುವಿಗೂ ಉಚಿತ ವಕೀಲರ ನೆರವು ಸಿಗಬೇಕು.

ಆದ್ದರಿಂದ ಚಳ್ಳಕೆರೆ, ಮೊಳಕಾಲ್ಮುರು ವಕೀಲರಲ್ಲಿ ಒಂದು ವಿನಂತಿ. ಇಂಥ ಪ್ರಕರಣದಲ್ಲಿ ನಿರೀಕ್ಷಣಾ ಜಾಮೀನಿನ ಅರ್ಜಿ ಸಲ್ಲಿಕೆಯಾದದ್ದು ತಿಳಿದ ದಿನವೇ, ನೊಂದ ಹೆಣ್ಣುಮಗಳ ಪರವಾಗಿ ತಾಲ್ಲೂಕು ಕಾನೂನು ಸೇವೆಗಳ ಸಮಿತಿಗೆ ಒಂದು ಅರ್ಜಿ ಬರೆದುಕೊಡಿ. ಆರೋಪಿಯ ಪರ ವಾದಿಸುವವರು ವಾದಿಸಲಿ, ಅದು ಅವರ ಧರ್ಮ. ಅವಳ ಪರವಾಗಿಯೂ ಒಬ್ಬರು ಚಿತ್ರದುರ್ಗದ ನ್ಯಾಯಾಲಯದಲ್ಲಿ ಎದ್ದು ನಿಲ್ಲಲಿ.